ಮನ್ನಾ ಎಂದುಕೊಂಡ ಆರು ತಿಂಗಳು

ಲಿಂಗಸುಗೂರು
14 ಜೂನ್ 2020

ದಾನವ್ವಾ,

ಅಣ್ಣನ ಕೈಬರಹ ನೋಡಿ ಯಾರೋ ಹೋಗಿಬಿಟ್ಟರು ಅಂತ ಎದೆ ಒಡೆದುಕೊಳ್ಳಬೇಡ. ಅವ್ವ, ನಿನ್ನ ಅತ್ತಿಗೆ ಭಾಗ್ಯಶ್ರೀ, ನಾನು ಮೂವರೂ ಗಟ್ಟಿಮುಟ್ಟಾಗಿ ಕೂತು ಉಣ್ಣುತ್ತಿದ್ದೇವೆ. ಸದ್ಯಕ್ಕೆ ಉಣ್ಣುವುದೊಂದೇ ಕೆಲಸ. ಫೋನಿನಲ್ಲಿ ದುಡ್ಡಿನ ಮಾತು ತೆಗೆದರೆ ಅವ್ವ ರೊಟ್ಟಿ ಬಡಿಯುವುದು ಬಿಟ್ಟು ಬಂದು ಪಕ್ಕದಲ್ಲಿ ಕೂರುತ್ತಾಳೆ, ಹೊತ್ತು ಮುಳುಗುವುದರೊಳಗೆ ನಮ್ಮ ಸಾಲದ ಸುದ್ದಿ ಓಣಿಯ ತುಂಬ. ಅದಕ್ಕೇ ಇನ್ನು ಮೇಲೆ ಫೋನಿನಲ್ಲಿ ಊಟ ಆಯ್ತಾ, ಮಳೆ ಬಂತಾ, ಅಷ್ಟೇ. ಉಳಿದದ್ದೆಲ್ಲ ಕಾಗದದಲ್ಲಿ.

ಸಿಹಿ ಸುದ್ದಿ ಕೇಳು. ಮನೆ ಸಾಲ ಕೊಟ್ಟ ಕಂಪನಿಯಿಂದ ಮತ್ತೆ ಮೆಸೇಜು ಬಂದಿದೆ. ಮಾರ್ಚಿನಿಂದ ಮೂರು ತಿಂಗಳು ಕಂತು ಬೇಡ ಅಂದಿದ್ದರಲ್ಲ, ಈಗ ಆಗಸ್ಟ್ ಮುಗಿಯುವ ತನಕ ಬೇಡವಂತೆ. ಒಪ್ಪಿಗೆ ಇದ್ದರೆ ಯೆಸ್ ಅಂತ ಕಳಿಸಿ ಅಂದಿದ್ದರು. ಬೇಡ ಅನ್ನುವ ಮೂರ್ಖ ಯಾರಿದ್ದಾನೆ? ನಿಂತ ಕಾಲಲ್ಲೇ ಕಳಿಸಿದೆ. ಒಟ್ಟು ಆರು ತಿಂಗಳ ಕಂತು ಮನ್ನಾ! ಅಪ್ಪ ಇದ್ದಾಗ ಸೊಸೈಟಿಯ ಬೆಳೆಸಾಲ ಎರಡು ಸಲ ಮನ್ನಾ ಆಗಿದ್ದು ನೆನಪಿದೆಯಲ್ಲ? ಎರಡು ಸಲವೂ ಊರಿನವರು ಮೊದಲು ನಂಬಲಿಲ್ಲ, ಆಮೇಲೆ ಪೇಢೆ ಹಂಚಿದರು. ಈ ಸಲ ಸರ್ಕಾರದ ಕಣ್ಣಿಗೆ ನಮ್ಮಂಥ ಪಟ್ಟಣದವರೂ ಬಿದ್ದಿದ್ದೇವೆ.

ನಾಲ್ಕು ವರ್ಷದ ಹಿಂದೆ ಆ ಹನ್ನೆರಡು ಲಕ್ಷಕ್ಕೆ ಹೋದಾಗ ಮ್ಯಾನೇಜರ್ ನನ್ನನ್ನು ನಿಲ್ಲಿಸಿಯೇ ಮಾತಾಡಿದ್ದ. ಟೈಲ್ಸ್ ಮೇಸ್ತ್ರಿಗೆ ಸಂಬಳದ ಚೀಟಿ ಎಲ್ಲಿಂದ ಬರಬೇಕು? ನಿನ್ನ ಮಾತ್ರೆ ಕಂಪನಿಯ ಚೀಟಿ ತೋರಿಸಿದ ಕೂಡಲೇ ಕುರ್ಚಿ ಬಂತು, ಟೀ ಬಂತು. ಮನೆ ನನ್ನ ಹೆಸರಿಗೆ, ಸಾಲ ಇಬ್ಬರ ಹೆಸರಿಗೆ, ಕಂತು ನಿನ್ನ ಸಂಬಳದ ಖಾತೆಯಿಂದ ಅಂತ ಆಯಿತು. ಬರೀ ಸಹಿ ತಾನೇ ಅಂತ ನೀನು ಹಾಕಿದೆ. ಅಂದಿನಿಂದ ತಿಂಗಳಿಗೆ ಹದಿಮೂರು ಸಾವಿರ ತಂದು ನಿನ್ನ ಕೈಗಿಟ್ಟಿದ್ದೇನೆ, ಒಮ್ಮೆಯೂ ತಪ್ಪಿಸಿಲ್ಲ. ಈಗ ಕೊರೋನಾಕ್ಕೆ ಹೆದರಿ ಬೆಂಗಳೂರಿನ ಹೂಡಿಯಲ್ಲಿ ಅರ್ಧ ಹಾಸಿದ ನೆಲ ಬಿಟ್ಟು ಊರಿಗೆ ಓಡಿ ಬಂದೆ, ಕೈ ಖಾಲಿ. ಈ ಮನ್ನಾ ಆಗದಿದ್ದರೆ ಕಂತೆಲ್ಲ ನಿನ್ನ ತಲೆಯ ಮೇಲೇ ಬರುತ್ತಿತ್ತು.

ಹಾಗಾಗಿ ಒಂದು ಮಾತು ಕೇಳು. ಆರು ತಿಂಗಳ ಆ ದುಡ್ಡನ್ನು ನೀನು ಬಂಗಾರಕ್ಕೆ ಹಾಕು. ಇಪ್ಪತ್ತೊಂಬತ್ತು ಆಯ್ತು ನಿನಗೆ. ಮನೆ ಒಂದು ಹಂತಕ್ಕೆ ಬರಲಿ ಅಂತ ನಿನ್ನ ಮದುವೆ ಮುಂದೆ ತಳ್ಳಿದ್ದು ಸಾಕು. ಸಾಲದಲ್ಲಿ ಮಾಡಿದ ಆ ಮಾದನಾಯಕನಹಳ್ಳಿಯ ಮನೆಯ ಕೀಲಿ ಪಕ್ಕದ ಚಿಕ್ಕಬೈರಪ್ಪನವರ ಹತ್ತಿರ ಇದೆ. ಆ ಲೇಔಟೆಲ್ಲ ಅವರ ರಾಗಿ ಹೊಲವಾಗಿತ್ತಲ್ಲ, ಈಗಲೂ ಯಾರು ಬಂದರು ಯಾರು ಹೋದರು ಅಂತ ಕಾಯುತ್ತಾರೆ. ಮನೆ ಭದ್ರವಾಗಿದೆ.

ಹುಷಾರಾಗಿರು. ಮೂಗು ಮುಚ್ಚಿಕೊಂಡು ಓಡಾಡು.

ಹನುಮೇಶ


ಬೊಮ್ಮಸಂದ್ರ
5 ಜುಲೈ 2020

ಅಣ್ಣಾ,

ನಿನ್ನ ಕಾಗದವನ್ನು ಅಂಚೆಯವನು ಗೇಟಿನಾಚೆಯಿಂದಲೇ ಎಸೆದು ಹೋದ. ಊರೆಲ್ಲ ಮುಚ್ಚಿದ್ದರೂ ನಮ್ಮ ಕಂಪನಿ ಒಂದು ದಿನ ಮುಚ್ಚಿಲ್ಲ. ಜ್ವರದ ಮಾತ್ರೆ ಪ್ಯಾಕ್ ಮಾಡಿ ಮಾಡಿ ಬೆರಳಿನ ತುದಿಯಲ್ಲಿ ರೇಖೆಗಳೇ ಇಲ್ಲ, ಹಾಜರಿ ಯಂತ್ರ ನನ್ನನ್ನು ಗುರುತೇ ಹಿಡಿಯುವುದಿಲ್ಲ.

ರೂಮಿನ ಸವಿತಾ ನಿನ್ನ ಮನ್ನಾ ಸುದ್ದಿ ಕೇಳಿ ಬಿದ್ದು ಬಿದ್ದು ನಕ್ಕಳು. “ಸಾಲ ಕೊಟ್ಟೋರು ಪುಕ್ಸಟ್ಟೆ ಬಿಡ್ತಾರೇನೇ? ಆ ಮೆಸೇಜ್ ಯಾರ್ ಹತ್ರಾನಾದ್ರೂ ಓದಿಸ್ರೇ” ಅಂದಳು. ನಮ್ಮಣ್ಣನಿಗೆ ಅಷ್ಟೂ ತಿಳಿಯಲ್ವಾ ಅಂತ ಅವಳ ಮೇಲೇ ಹಾರಾಡಿದೆ. ನೀನು ಯಾರಾದರೂ ಇಂಗ್ಲಿಷ್ ಬಲ್ಲವರಿಗೆ ತೋರಿಸಿಯೇ ಯೆಸ್ ಅಂದಿರುತ್ತೀಯ, ಅಲ್ಲವಾ? ನನ್ನ ಖಾತೆಯಲ್ಲಿ ದುಡ್ಡಿದೆ, ಸುಮ್ಮನೆ ಕಟ್ಟಿಬಿಡಲೇ ಅಂತ ಒಂದು ಮನಸ್ಸು. ಮನ್ನಾ ಆದದ್ದನ್ನು ಯಾರಾದರೂ ಕಟ್ಟುತ್ತಾರಾ ಅಂತ ಇನ್ನೊಂದು ಮನಸ್ಸು. ಎರಡನೆಯದೇ ಗೆದ್ದಿದೆ. ಅಂಗಡಿಗಳು ಪೂರ್ತಿ ತೆರೆದ ಮೇಲೆ ಒಂದು ಜೊತೆ ಬೆಂಡೋಲೆ ಕೊಳ್ಳುತ್ತೇನೆ.

ಊಟದ ಚಿಂತೆ ಮಾಡಬೇಡ ಅಂತ ಅವ್ವನಿಗೆ ಹೇಳು. ನಮ್ಮ ಕಂಪನಿಯ ಬಾಯ್ಲರ್ ನೋಡಿಕೊಳ್ಳುವ ಮುರಳಿ ಅನ್ನುವವರು ಅತ್ತಿಬೆಲೆಯಿಂದ ಬರುವಾಗ ನಮ್ಮ ರೂಮಿಗೂ ತರಕಾರಿ ತಂದುಕೊಡುತ್ತಾರೆ. ನನಗೊಬ್ಬಳಿಗೇ ಅಲ್ಲ, ಸವಿತಾಳಿಗೂ. ನೀನು ಮೀಸೆ ತಿರುವಬೇಡ.

ದಾನೇಶ್ವರಿ


ಬೊಮ್ಮಸಂದ್ರ
22 ನವೆಂಬರ್ 2020

ಅಣ್ಣಾ,

ಹೋದ ಕಾಗದಕ್ಕೆ ನೀನು ಉತ್ತರ ಬರೆಯಲಿಲ್ಲ. ಟೈಲ್ಸ್ ಕೆಲಸಕ್ಕೆ ಗೋವಾಕ್ಕೆ ಹೋದೆ ಅಂತ ಅತ್ತಿಗೆ ಹೇಳಿದಳು, ವಿಳಾಸವನ್ನೂ ಅವಳೇ ಕೊಟ್ಟಳು. ಅಲ್ಲಿಯೂ ಹತ್ತು ಜನರ ನಡುವೆ ಮಲಗುತ್ತೀಯಂತೆ, ಹಾಗಾಗಿ ಫೋನಿನಲ್ಲಿ ಹೇಳುವುದಿಲ್ಲ. ಮನೆಗೆ ಬಾಡಿಗೆಯವರು ಬಂದಿದ್ದಾರೆ, ಗೋದಾಮಿನಲ್ಲಿ ಕೆಲಸ ಮಾಡುವ ಗಂಡ ಹೆಂಡತಿ. ಆರು ಸಾವಿರ ಕೊಡುತ್ತಾರೆ. ಕಂತು ಸೆಪ್ಟೆಂಬರಿನಿಂದ ಮತ್ತೆ ಹೋಗುತ್ತಿದೆ.

ಈಗ ನನ್ನ ಮಾತು. ಮುರಳಿ ಅಂತ ಬರೆದಿದ್ದೆನಲ್ಲ, ಅವರು ನನ್ನನ್ನು ಮದುವೆಯಾಗಬೇಕು ಅಂತಿದ್ದಾರೆ. ನನಗೂ ಇಷ್ಟ. ಇದನ್ನು ಬರೆಯುವಾಗ ಕಿವಿ ಬಿಸಿಯಾಗುತ್ತಿದೆ, ನಗಬೇಡ. ದೀಪಾವಳಿಗೆ ಅವರ ಮನೆಗೆ ಕರೆದುಕೊಂಡು ಹೋಗಿದ್ದರು. ಅವರ ತಾಯಿ ಗಂಗಮ್ಮ ಕಜ್ಜಾಯ ಕೊಟ್ಟು, ಎದುರು ಕೂತು, ನೇರವಾಗಿ ಕೇಳಿದರು. “ನಿನ್ ಸಂಬ್ಳ ನಮ್ಮನೇಗ್ ಬತ್ತದೋ, ನಿಮ್ಮಣ್ಣನ್ ಮನೇಗೇ ಓಯ್ತದೋ? ಇಂಗ್ ಕೇಳ್ತಾವ್ಳೆ ಅಂತ ಬೇಜಾರ್ ಮಾಡ್ಕಬ್ಯಾಡ ಕಣವ್ವ. ಆಮೇಕ್ ಮಾತ್ ಬರಬಾರ್ದು.”

ಬೇಜಾರು ಆಯಿತು, ಆದರೆ ಅವರು ಕೇಳಿದ್ದರಲ್ಲಿ ತಪ್ಪಿಲ್ಲ. ಅವರದ್ದು ಬಾಡಿಗೆ ಮನೆ. ಮದುವೆಯಾದ ಮೇಲೆ ಚಂದಾಪುರದ ಕಡೆ ಒಂದು ಪುಟ್ಟ ಮನೆ ಮಾಡಬೇಕು ಅಂತ ಮುರಳಿಯವರಿಗೆ ಆಸೆ. ಅವರೊಬ್ಬರ ಸಂಬಳಕ್ಕೆ ಬ್ಯಾಂಕಿನವರು ಒಪ್ಪುವುದಿಲ್ಲ, ನನ್ನ ಚೀಟಿಯೂ ಬೇಕು. ನನ್ನ ಹೆಸರು ಈಗಾಗಲೇ ಒಂದು ಸಾಲದಲ್ಲಿ ಸಿಕ್ಕಿಕೊಂಡಿದೆ. ಅದನ್ನು ಬಿಡಿಸಲು ಆಗುತ್ತದಾ ಅಣ್ಣಾ? ನಿನಗೆ ಹೊರೆ ಮಾಡಲು ಕೇಳುತ್ತಿಲ್ಲ. ಅವಸರವೇನೂ ಇಲ್ಲ.

ದಾನಿ


ಮಡಗಾಂವ್
10 ಜನವರಿ 2021

ದಾನವ್ವಾ,

ನಿನ್ನ ಕಾಗದ ಓದಿ ಶೆಡ್ಡಿನ ಹತ್ತೂ ಜನರಿಗೆ ಚಹಾ ಕುಡಿಸಿದೆ. ಯಾಕೆ ಅಂತ ಹೇಳಲಿಲ್ಲ. ಬಾಯ್ಲರಿನ ಮುಂದೆ ನಿಲ್ಲುವ ಮನುಷ್ಯ ಅಂದರೆ ನಿನ್ನ ಸಿಟ್ಟು ತಡೆಯುವ ಅಭ್ಯಾಸ ಇರುತ್ತದೆ, ಒಳ್ಳೆಯ ಜೋಡಿ.

ಕಂಪನಿಗೆ ಫೋನು ಮಾಡಿ ಕೇಳಿದೆ. ನಿನ್ನ ಜಾಗದಲ್ಲಿ ಸಂಬಳದ ಚೀಟಿ ಇರುವ ಇನ್ನೊಬ್ಬರು ನಿಲ್ಲಬೇಕು, ಇಲ್ಲವೇ ಸಾಲ ಪೂರ್ತಿ ತೀರಬೇಕು, ಆಗಲೇ ಹೆಸರು ಬಿಡುವುದು ಅಂದರು. ನಮ್ಮ ಬಳಗದಲ್ಲಿ ಚೀಟಿ ಇರುವವಳು ನೀನೊಬ್ಬಳೇ. ಅಂದಮೇಲೆ ತೀರಿಸುವುದೇ ದಾರಿ.

ಹೆದರಬೇಡ, ಲೆಕ್ಕ ನೋಡು. ಇಪ್ಪತ್ತು ವರ್ಷದ ಸಾಲ, ನಾಲ್ಕು ವರ್ಷ ಕಟ್ಟಿದ್ದೇವೆ. ಅಂದರೆ ಐದರಲ್ಲಿ ಒಂದು ಪಾಲು ನೆಲ ಹಾಸಿ ಆಯಿತು. ಮೇಲೆ ಆರು ತಿಂಗಳು ಮನ್ನಾ. ಇನ್ನು ಒಂಬತ್ತು ಲಕ್ಷದ ಆಸುಪಾಸು ಉಳಿದಿರಬೇಕು. ಇಲ್ಲಿ ಸಮುದ್ರದ ದಂಡೆಗೆ ಬಂಗಲೆಗಳು ಏಳುತ್ತಿವೆ, ಚದರಕ್ಕೆ ಬೆಂಗಳೂರಿಗಿಂತ ಹೆಚ್ಚು ಕೊಡುತ್ತಾರೆ. ಎರಡು ವರ್ಷ ಕೊಡು. ಕೂಡಿಸಿ ಒಂದೇ ಏಟಿಗೆ ಕಟ್ಟಿ, ನಿನ್ನ ಹೆಸರು ಬಿಡಿಸಿ, ಮದುವೆಯನ್ನೂ ಮಾಡಿಕೊಡುತ್ತೇನೆ. ಇದು ನಿಮ್ಮಣ್ಣನ ಮಾತು. ಅವಸರವಿಲ್ಲ ಅಂತ ನೀನೇ ಬರೆದಿದ್ದೀಯಲ್ಲ, ಅದು ನನಗೆ ದೊಡ್ಡ ಸಮಾಧಾನ.

ಹನುಮೇಶ


ಬೊಮ್ಮಸಂದ್ರ
30 ಆಗಸ್ಟ್ 2021

ಅಣ್ಣಾ,

ಮೇ ತಿಂಗಳಿನಿಂದ ನಿನ್ನಿಂದ ದುಡ್ಡು ಬಂದಿಲ್ಲ. ಕೇಳಬಾರದು ಅಂತಲೇ ಇದ್ದೆ. ನಿನ್ನ ಮೊಣಕಾಲಿನಲ್ಲಿ ನೀರು ತುಂಬಿ ಎರಡು ತಿಂಗಳು ಮಲಗಿದ್ದೆಯಂತೆ, ಅತ್ತಿಗೆಯ ಬಾಯಿ ಜಾರಿ ಗೊತ್ತಾಯಿತು. ನನಗೆ ಯಾಕೆ ಬರೆಯಲಿಲ್ಲ? ದಿನವಿಡೀ ನೆಲದ ಮೇಲೆ ಕುಕ್ಕರುಗಾಲಿನಲ್ಲಿ ಕೂರುವವನಿಗೆ ಮೊಣಕಾಲು ಹೋದರೆ ಏನು ಉಳಿಯಿತು? ನಿಧಾನವಾಗಿ ಕೆಲಸ ಮಾಡು.

ಕಂತು ತಪ್ಪಿಲ್ಲ. ಬಾಡಿಗೆಗೆ ನನ್ನದಿಷ್ಟು ಸೇರಿಸಿ ಕಟ್ಟುತ್ತಿದ್ದೇನೆ. ಕಂತು ಏರಿಲ್ಲ, ಅದೇ ಹದಿಮೂರು ಸಾವಿರ. ಅಷ್ಟಾದರೂ ದೇವರು ಕಣ್ಣು ಬಿಟ್ಟಿದ್ದಾನೆ.

ಮುರಳಿ ಚೆನ್ನಾಗಿದ್ದಾರೆ, ಕಾಯುತ್ತಾರೆ. ನಮ್ಮದು ಅವಸರವಿಲ್ಲ.

ದಾನಿ


ಬೊಮ್ಮಸಂದ್ರ
5 ಮಾರ್ಚ್ 2023

ಅಣ್ಣಾ,

ನೀನು ಕೇಳಿದ ಎರಡು ವರ್ಷ ಸಂಕ್ರಾಂತಿಗೆ ಮುಗಿಯಿತು. ನೀನು ಬರೆಯುತ್ತೀಯ ಅಂತ ಕಾದೆ. ಬರಲಿಲ್ಲ. ಮೊನ್ನೆ ರಜೆ ಹಾಕಿ ಮುರಳಿಯವರನ್ನು ಕರೆದುಕೊಂಡು ಯಶವಂತಪುರದ ಆ ಸಾಲದ ಆಫೀಸಿಗೆ ನಾನೇ ಹೋದೆ. ಎಷ್ಟು ಉಳಿದಿದೆ ಅಂತ ತಿಳಿದರೆ ನಾನಿಷ್ಟು, ನೀನಿಷ್ಟು, ಮುರಳಿಯವರ ಪಿಎಫ್ ಸ್ವಲ್ಪ ಸೇರಿಸಿ ಮುಗಿಸಿಬಿಡೋಣ ಅಂತ ಲೆಕ್ಕ ಹಾಕಿಕೊಂಡಿದ್ದೆವು. ಹೋಗುವಾಗ ಬಸ್ಸಿನಲ್ಲಿ ಇಬ್ಬರೂ ಮದುವೆ ಛತ್ರದ ಮಾತಾಡುತ್ತಿದ್ದೆವು. ನನಗೆ ಈಗ ಅದನ್ನು ನೆನೆದರೆ ನಾಚಿಕೆಯಾಗುತ್ತದೆ.

ಕೌಂಟರಿನಲ್ಲಿ ಮಂಜುಶ್ರೀ ಅಂತ ಒಬ್ಬಳು ಇದ್ದಳು. ಒಳ್ಳೆಯ ಹುಡುಗಿ, ಬೈಯಲು ಮನಸ್ಸು ಬರಲಿಲ್ಲ. ಕಂಪ್ಯೂಟರ್ ನೋಡಿ, “ಹನ್ನೊಂದು ಲಕ್ಷದ ಐವತ್ತೊಂದು ಸಾವಿರ ಬಾಕಿ ಇದೆ ಮೇಡಂ” ಅಂದಳು. ತಪ್ಪು ಖಾತೆ ನೋಡಿದ್ದೀರಿ ಅಂದೆ. ನಿನ್ನ ಹೆಸರು ಓದಿದಳು, ನನ್ನ ಹೆಸರು ಓದಿದಳು.

ಅಣ್ಣಾ, ನಾವು ಇಲ್ಲಿಯವರೆಗೆ ಕಟ್ಟಿದ್ದು ಹತ್ತು ಲಕ್ಷಕ್ಕಿಂತ ಹೆಚ್ಚು. ಸಾಲ ಇಳಿದಿದ್ದು ಐವತ್ತು ಸಾವಿರವೂ ಇಲ್ಲ.

ನಾನು ಎಲ್ಲರೆದುರು ಕೂಗಾಡಿದೆ. ಮನ್ನಾ ಮಾಡಿದ ಆರು ತಿಂಗಳು ಎಲ್ಲಿ ಹೋಯಿತು ಅಂತ ಕೇಳಿದೆ. “ಅದು ಮನ್ನಾ ಅಲ್ಲ ಮೇಡಂ. ಮುಂದಕ್ಕೆ ಹಾಕಿದ್ದು ಅಷ್ಟೇ. ಆ ಆರ್ ತಿಂಗ್ಳ ಬಡ್ಡಿ ಅಸಲಿಗೆ ಸೇರ್ಕೊಂಡಿದೆ. ನೀವು ನಾಲ್ಕ್ ವರ್ಷದಲ್ಲಿ ಎಪ್ಪತ್ತೈದ್ ಸಾವ್ರ ಅಸಲು ಇಳಿಸಿದ್ರಿ, ಅದು ಹೆಚ್ಚೂಕಮ್ಮಿ ಪೂರ್ತಿ ವಾಪಸ್ ಏರ್ಬಿಡ್ತು” ಅಂದಳು. ಅಂದರೆ ಆರು ತಿಂಗಳು ಸುಮ್ಮನಿದ್ದಿದ್ದಕ್ಕೆ ನಾಲ್ಕು ವರ್ಷ ಬೆವರು ಸುರಿಸಿದ್ದು ಅಳಿಸಿಹೋಯಿತು. ಆಮೇಲೆ ಹೋದ ವರ್ಷ ಬಡ್ಡಿ ಏರಿತಂತೆ. ಕಂತು ಯಾಕೆ ಏರಲಿಲ್ಲ ಅಂತ ಕೇಳಿದೆ. “ಕಂತು ಏರಿಸಿದ್ರೆ ನಿಮ್ಗೆ ಕಷ್ಟ ಅಂತ ಅವಧಿ ಏರಿಸಿದ್ದಾರೆ ಮೇಡಂ” ಅಂದಳು. ಈಗ ನಾವು ಕಟ್ಟುವ ಹದಿಮೂರು ಸಾವಿರದಲ್ಲಿ ಅಸಲಿಗೆ ಹೋಗುವುದು ಐನೂರು ರೂಪಾಯಿ. ಕಂತು ಏರಿಲ್ಲ ಅಂತ ನಾನು ದೇವರಿಗೆ ಕೈ ಮುಗಿದಿದ್ದೆ!

ಯಾವಾಗ ಮುಗಿಯುತ್ತದೆ ಅಂತ ಮುರಳಿ ಕೇಳಿದರು. “ಎರಡು ಸಾವಿರದ ನಲವತ್ತೇಳು, ಡಿಸೆಂಬರ್” ಅಂದಳು. ಆಗ ನನಗೆ ಐವತ್ತಾರು. ಹನ್ನೆರಡು ಲಕ್ಷಕ್ಕೆ ಒಟ್ಟು ಐವತ್ತು ಲಕ್ಷ ಕಟ್ಟಿರುತ್ತೇವೆ. ನೀನು ಐದರಲ್ಲೊಂದು ಪಾಲು ನೆಲ ಹಾಸಿ ಆಯಿತು ಅಂತ ಬರೆದಿದ್ದೆ. ಏಳು ವರ್ಷಕ್ಕೆ ಗೋಡೆ ಪಕ್ಕದ ಒಂದು ಸಾಲೂ ಮುಗಿದಿಲ್ಲ.

ಆ ಆರು ತಿಂಗಳು ನನ್ನ ಹತ್ತಿರ ದುಡ್ಡು ಇತ್ತು ಅಣ್ಣಾ. ಇತ್ತು. ಅದೇ ನನ್ನನ್ನು ಸುಡುತ್ತಿರುವುದು. ನಾನು ಬೆಂಡೋಲೆ ಕೊಂಡೆ. ನಿನ್ನ ಮೊಣಕಾಲು ಕೆಟ್ಟ ತಿಂಗಳು ಕಂತಿಗಾಗಿ ಅವನ್ನೇ ಮಾರಿದೆ, ನಿನಗೆ ಹೇಳಿರಲಿಲ್ಲ. ಇನ್ನೊಂದೂ ಹೇಳಿರಲಿಲ್ಲ. ಮದುವೆಗೆ ಗಂಗಮ್ಮ ಮೊದಲು ಕೊಟ್ಟ ಗಡುವು ಎರಡು ವರ್ಷದ ಹಿಂದಿನ ಯುಗಾದಿ. ಅವಸರವಿಲ್ಲ ಅಂತ ನಾನು ಬರೆದದ್ದೆಲ್ಲ ಸುಳ್ಳು. ನಿನ್ನ ತಲೆ ಬಿಸಿ ಮಾಡಬಾರದು ಅಂತ ಬರೆದೆ. ನೀನು ಒಂದು ಸಲವಾದರೂ, ನಿಜವಾಗಿಯೂ ಅವಸರ ಇಲ್ಲವೇನೇ ಅಂತ ಕೇಳುತ್ತೀಯ ಅಂದುಕೊಂಡಿದ್ದೆ.

ವಾಪಸ್ ಬಂದು ಬೊಮ್ಮಸಂದ್ರದಲ್ಲಿ ಬಸ್ಸು ಇಳಿದ ಮೇಲೆ ಮುರಳಿ, “ಊಟ ಮಾಡಣ ಬಾ ದಾನಿ, ಬೆಳಗ್ಗೆಯಿಂದ ಏನೂ ತಿಂದಿಲ್ಲ ನೀನು” ಅಂದರು. ಅಷ್ಟೇ.

ದಾನೇಶ್ವರಿ


ಮಡಗಾಂವ್
2 ಏಪ್ರಿಲ್ 2023

ದಾನವ್ವಾ,

ನಿನ್ನ ಕಾಗದ ಬಂದು ಮೂರು ವಾರವಾಯಿತು. ಬರೆಯಲು ಕೂತಾಗಲೆಲ್ಲ ಮೊದಲು ನನ್ನ ಪರವಾಗಿಯೇ ವಾದ ಬರುತ್ತಿತ್ತು. ಆ ಹಾಳೆಗಳನ್ನೆಲ್ಲ ಹರಿದೆ.

ಹಳೆಯ ಮೆಸೇಜನ್ನು ಸೈಟಿನ ಇಂಜಿನಿಯರಿಗೆ ತೋರಿಸಿದೆ. ಅಂದೇ ತೋರಿಸಬೇಕಿತ್ತು. ಕಂತನ್ನು ಮುಂದೂಡಲಾಗಿದೆ, ಬಡ್ಡಿ ನಡೆಯುತ್ತಿರುತ್ತದೆ ಅಂತ ಅದರಲ್ಲೇ ಇದೆಯಂತೆ. ಮನ್ನಾ ಅನ್ನುವ ಮಾತು ಎಲ್ಲೂ ಇಲ್ಲ. ಅಪ್ಪನ ಕಾಲದ ಪೇಢೆ ನನ್ನ ಬಾಯಲ್ಲಿ ಇನ್ನೂ ಸಿಹಿಯಾಗಿತ್ತು, ನಾನೇ ಸೇರಿಸಿಕೊಂಡು ಓದಿದೆ. ದುಡ್ಡಿದ್ದು ಕಟ್ಟಬಲ್ಲವಳಿಗೆ ಬಂಗಾರಕ್ಕೆ ಹಾಕು ಅಂದೆ. ನಿನ್ನ ಮೇಲಿನ ಪ್ರೀತಿಯಿಂದಲೇ ಅಂದೆ ದಾನವ್ವಾ, ಅದಕ್ಕೇ ಹೆಚ್ಚು ನೋವು.

ನೀನು ಅವಸರವಿಲ್ಲ ಅಂತ ಬರೆದೆ, ನಾನು ನಂಬಿದೆ. ನಂಬುವುದು ನನಗೆ ಅನುಕೂಲವಾಗಿತ್ತು. ಮೊಣಕಾಲಿನ ಆಸ್ಪತ್ರೆಗೆ ಕೂಡಿಟ್ಟದ್ದೆಲ್ಲ ಹೋದಾಗಲೂ ನೀನು ಕಾಯುತ್ತೀಯ ಅಂತಲೇ ಧೈರ್ಯ ಮಾಡಿಕೊಂಡೆ.

ಮುರಳಿಯವರಿಗೆ ಹೇಳು, ಸ್ವಲ್ಪ ತಡೆಯಲಿ. ನಿನ್ನ ಹೆಸರನ್ನು ನಾನು ಬಿಡಿಸುತ್ತೇನೆ. ಹೇಗೆ ಅಂತ ಈಗ ಕೇಳಬೇಡ, ಹೇಳಿ ಹೇಳಿ ಮಾತು ಕೆಟ್ಟಿದೆ. ಈ ಸಲ ಮಾಡಿದ ಮೇಲೇ ಬರೆಯುತ್ತೇನೆ.

ಹನುಮೇಶ


ಬೊಮ್ಮಸಂದ್ರ
18 ಡಿಸೆಂಬರ್ 2023

ಅಣ್ಣಾ,

ಏಪ್ರಿಲ್ ಆದಮೇಲೆ ನಿನ್ನ ಕಾಗದವಿಲ್ಲ. ಫೋನಿನಲ್ಲಿ ಊಟ ಆಯ್ತಾ, ಮಳೆ ಬಂತಾ. ನಾನೂ ಬರೆಯಲಿಲ್ಲ. ಆ ದಿನ ಸಿಟ್ಟಿನಲ್ಲಿ ಏನೇನೋ ಬರೆದೆ, ಅದನ್ನು ಮನಸ್ಸಿನಲ್ಲಿ ಇಟ್ಟುಕೊಳ್ಳಬೇಡ. ಆರು ತಿಂಗಳು ಬೆಂಡೋಲೆ ಹಾಕಿಕೊಂಡು ಕನ್ನಡಿ ನೋಡಿಕೊಂಡವಳು ನಾನೂ ತಾನೇ.

ಹೋದ ಭಾನುವಾರ ಬಾಡಿಗೆ ತರಲು ಮಾದನಾಯಕನಹಳ್ಳಿಗೆ ಹೋಗಿದ್ದೆ. ಮೆಟ್ರೋ ಇಳಿದು ಬಸ್ಸು ಹಿಡಿದರೆ ಈಗ ಅಷ್ಟೇನೂ ದೂರ ಅನ್ನಿಸುವುದಿಲ್ಲ. ಅಡುಗೆಮನೆಯ ನೆಲ ನೀನು ಹಾಸಿದ್ದು ಎಷ್ಟು ಚಂದ ಇದೆ, ನಾನು ಇಷ್ಟು ವರ್ಷ ಗಮನಿಸಿಯೇ ಇರಲಿಲ್ಲ. ಒಂದೂ ಬಿರುಕಿಲ್ಲ. ಚಿಕ್ಕಬೈರಪ್ಪನವರ ಹೆಂಡತಿ ಪಿಳ್ಳಮ್ಮ ಅವರೆಕಾಳು ಕೊಟ್ಟು, “ನೀನೇ ಬಂದು ಇರ್ಬಾರ್ದೇನವ್ವ, ಬಾಡ್ಗೇರಿಗ್ಯಾಕ್ ಕೊಟ್ಟಿದ್ದೀ” ಅಂದರು. ಹೌದಲ್ಲ ಅನ್ನಿಸಿತು.

ನೀನು ಸಾಲದ ಬಗ್ಗೆ ಇನ್ನು ತಲೆ ಕೆಡಿಸಿಕೊಳ್ಳಬೇಡ. ಮೊಣಕಾಲು ನೋಡಿಕೋ. ನಲವತ್ತೇಳು ಅಂದರೆ ನಲವತ್ತೇಳು. ನಾನು ಅದಕ್ಕೆ ಹೊಂದಿಕೊಂಡಿದ್ದೇನೆ. ಉಳಿದ ವಿಷಯ ನೀನು ಊರಿಗೆ ಬಂದಾಗ ಎದುರಿಗೆ ಹೇಳುತ್ತೇನೆ.

ದಾನಿ


ಲಿಂಗಸುಗೂರು
11 ಫೆಬ್ರವರಿ 2024

ದಾನವ್ವಾ, ನನ್ನ ತಂಗಿ,

ಈ ಕಾಗದವನ್ನು ನಿಂತುಕೊಂಡು ಓದಬೇಡ, ಕೂತು ಓದು. ನಿನ್ನ ಹೆಸರು ಬಿಟ್ಟಿತು! ಸಾಲ ತೀರಿತು. ಒಂದು ಪೈಸೆ ಬಾಕಿಯಿಲ್ಲ ಅಂತ ಕಂಪನಿಯವರೇ ಠಸ್ಸೆ ಒತ್ತಿ ಬರೆದು ಕೊಟ್ಟಿದ್ದಾರೆ.

ಮನೆ ಮಾರಿದೆ. ಚಿಕ್ಕಬೈರಪ್ಪನವರೇ ತೆಗೆದುಕೊಂಡರು. ಹತ್ತು ತಿಂಗಳಿನಿಂದ ಅವರ ಬೆನ್ನು ಹತ್ತಿದ್ದೆ, ನಿನಗೆ ಬಾಯಿ ಬಿಡಬೇಡಿ ಅಂತ ಆಣೆ ಹಾಕಿಸಿದ್ದೆ. ಪಿಳ್ಳಮ್ಮನಿಗೂ ಹೇಳಿರಲಿಲ್ಲವಂತೆ. “ಅರ್ಜೆಂಟ್ ಐತೆ ಅಂತ ನಿನ್ ಮಖ ನೋಡುದ್ರೇ ಗೊತ್ತಾಯ್ತದೆ ಕಣಪ್ಪ. ಅದ್ಕೇ ಒಂದೀಟ್ ಕಮ್ಮಿ ಯೋಳ್ತೀನಿ, ತಪ್ಪ್ ತಿಳ್ಕಬ್ಯಾಡ” ಅಂತ ನಗುತ್ತಲೇ ಹೇಳಿದರು. ಮೂವತ್ತು ಲಕ್ಷ ಬಾಳುವುದಕ್ಕೆ ಇಪ್ಪತ್ತಾರು ಕೊಟ್ಟರು. ಹೋಗಲಿ, ಅವರ ಹೊಲ ಅವರಿಗೇ ಹೋಯಿತು ಅಂದುಕೊಂಡೆ. ಹೋದ ವಾರ ಬೆಂಗಳೂರಿಗೆ ಬಂದು ರಿಜಿಸ್ಟ್ರಾರ್ ಆಫೀಸಿನಲ್ಲಿ ಸಹಿ ಹಾಕಿ, ಸಾಲ ಚುಕ್ತಾ ಮಾಡಿ, ಸಂಜೆ ಬಸ್ಸಿಗೇ ವಾಪಸ್ಸಾದೆ. ನಿನ್ನನ್ನು ನೋಡಬೇಕು ಅಂತ ಪ್ರಾಣ ಹೊಡೆದುಕೊಂಡಿತು. ನೋಡಿದ್ದರೆ ಬಾಯಿ ಬಿಟ್ಟುಬಿಡುತ್ತಿದ್ದೆ.

ನೀನು ಡಿಸೆಂಬರಿನಲ್ಲಿ ನೆಲ ಚಂದ ಇದೆ, ನಲವತ್ತೇಳಕ್ಕೆ ಹೊಂದಿಕೊಂಡೆ ಅಂತ ಬರೆದದ್ದು ಓದಿ ನಾನು ಅತ್ತೆ. ನನ್ನ ಮನಸ್ಸಿಗೆ ನೋವಾಗಬಾರದು ಅಂತ ಮತ್ತೆ ಸುಳ್ಳು ಬರೆಯುತ್ತಿದ್ದಾಳೆ, ಈ ಸಲ ನಾನು ನಂಬಬಾರದು ಅಂತ ಗಟ್ಟಿ ಮಾಡಿಕೊಂಡೆ. ನಂಬಿದ್ದರೆ ಮಾರುತ್ತಲೇ ಇರಲಿಲ್ಲ. ಮನೆ ಇವತ್ತು ಇರುತ್ತದೆ, ನಾಳೆ ಇನ್ನೊಂದು ಆಗುತ್ತದೆ. ನಿನ್ನ ಮದುವೆ ಹಾಗಲ್ಲ.

ಉಳಿದ ದುಡ್ಡಿನಲ್ಲಿ ಅರ್ಧ ನಿನ್ನದು. ಅವ್ವ ಎಲ್ಲರಿಗೂ ಹೇಳಿ ಮುಗಿಸಿದ್ದಾಳೆ. “ನನ್ನ ಮಗಳ ಮದುವಿ ಈ ವರ್ಷ ಆಗೇ ಆಗ್ತೈತಿ, ಯಾರ್ ಏನ್ ಅಂತೀರಿ ಅನ್ರಿ” ಅಂತ ಓಣಿಯಲ್ಲಿ ನಿಂತು ಕೂಗಿದಳು, ನಾನು ತಡೆಯಲಿಲ್ಲ. ಶಿವರಾತ್ರಿ ಮುಗಿದ ಮರುದಿನ ಅವ್ವ, ಭಾಗ್ಯಶ್ರೀ, ನಾನು ಬೊಮ್ಮಸಂದ್ರಕ್ಕೆ ಬರುತ್ತೇವೆ. ಅಲ್ಲಿಂದ ಎಲ್ಲರೂ ಕೂಡಿ ಅತ್ತಿಬೆಲೆಗೆ. ಗಂಗಮ್ಮನವರ ಎದುರು ಕೂತು ಹೇಳುತ್ತೇನೆ: ಇನ್ನು ನನ್ನ ತಂಗಿಯ ಸಂಬಳ ಪೂರ್ತಿ ನಿಮ್ಮ ಮನೆಗೇ ಬರುತ್ತದೆ ತಾಯಿ.

ಹನುಮೇಶ


ಬೊಮ್ಮಸಂದ್ರ
25 ಫೆಬ್ರವರಿ 2024

ಅಣ್ಣಾ,

ಕೂತೇ ಓದಿದೆ. ನೀನು ನನಗಾಗಿ ಮಾಡಿದ್ದನ್ನು ಬೇರೆ ಯಾರೂ ಮಾಡುತ್ತಿರಲಿಲ್ಲ. ಮುಂದೆ ಬರೆಯುವುದನ್ನು ಓದುವಾಗ ಈ ಮಾತನ್ನು ಮರೆಯಬೇಡ.

ಅತ್ತಿಬೆಲೆಗೆ ಹೋಗುವುದು ಬೇಡ. ಕಾರ್ತಿಕದಲ್ಲಿ ಮುರಳಿಯವರ ಮದುವೆಯಾಯಿತು. ಆನೇಕಲ್ಲಿನ ಹುಡುಗಿ. ನಮ್ಮ ಪ್ಯಾಕಿಂಗ್ ಸೆಕ್ಷನ್ನಿನವರೆಲ್ಲ ದುಡ್ಡು ಹಾಕಿ ಒಂದು ಮಿಕ್ಸಿ ಕೊಟ್ಟೆವು, ನಾನೂ ಹೋಗಿ ಅಕ್ಷತೆ ಹಾಕಿ ಬಂದೆ. ಅವರನ್ನು ಬೈಯಬೇಡ. ಅವರು ನಲವತ್ತೇಳಾದರೂ ಸರಿ, ಬಾಡಿಗೆ ಮನೆಯಲ್ಲೇ ಇರೋಣ ಅಂದಿದ್ದರು. ಬೇಡ ಅಂದವಳು ನಾನು. ಅವರ ತಾಯಿ ದಿನಾ ನನ್ನ ಸಂಬಳದ ಲೆಕ್ಕ ಕೇಳುವುದು, ಇವರು ನಡುವೆ ಸಿಕ್ಕಿ ಸುಮ್ಮನಾಗುವುದು, ಇಪ್ಪತ್ತನಾಲ್ಕು ವರ್ಷ ಅದನ್ನೇ ನೋಡಬೇಕು ಅನ್ನಿಸಿತು. ಹೋಗಿ ಬೇರೆ ನೋಡಿಕೊಳ್ಳಿ ಅಂತ ಜೂನಿನಲ್ಲಿ ನಾನೇ ಹೇಳಿದೆ. ಮೂರು ತಿಂಗಳು ಅವರು ಒಪ್ಪಲಿಲ್ಲ. ಆಮೇಲೆ ಒಪ್ಪಿದರು. ನೀನು ಮನೆ ಮಾರಲು ಓಡಾಡುತ್ತಿದ್ದೀಯ ಅಂತ ಒಂದು ಸಾಲು ಬರೆದಿದ್ದರೆ ನಾನು ಹಾಗೆ ಹೇಳುತ್ತಿರಲಿಲ್ಲ. ಮದುವೆ ಮುರಿಯಿತು ಅಂತ ನಾನು ಒಂದು ಸಾಲು ಬರೆದಿದ್ದರೆ ನೀನು ಮಾರುತ್ತಿರಲಿಲ್ಲ. ನಿನಗೆ ನೋವಾದೀತು ಅಂತ ಬರೆಯಲಿಲ್ಲ.

ಡಿಸೆಂಬರಿನ ಕಾಗದದಲ್ಲಿ ನಾನು ಸುಳ್ಳು ಬರೆದಿರಲಿಲ್ಲ ಅಣ್ಣಾ. ಮೊದಲ ಸಲ ನಿಜ ಬರೆದಿದ್ದೆ. ಆ ಮನೆಯಲ್ಲಿ ಹೋಗಿ ಇರಬೇಕು ಅಂತ ನಿರ್ಧಾರ ಮಾಡಿದ್ದೆ. ಯುಗಾದಿಗೆ ಬಿಟ್ಟುಕೊಡಿ ಅಂತ ಬಾಡಿಗೆಯವರಿಗೆ ಹೇಳಿದ್ದೆ, ಅಲ್ಲಿಗೆ ಹತ್ತಿರ ಅಂತ ಪೀಣ್ಯದ ಒಂದು ಕಂಪನಿಯಲ್ಲಿ ಕೆಲಸಕ್ಕೆ ಮಾತಾಡಿದ್ದೆ. ಅವ್ವನನ್ನು ಕರೆಸಿಕೊಳ್ಳೋಣ ಅಂತಿತ್ತು. ಎಂಟು ವರ್ಷ ಕಂತು ಕಟ್ಟಿದ ಮನೆಯಲ್ಲಿ ನಾನು ಮಲಗಿದ್ದು ಹಬ್ಬ ಹುಣ್ಣಿಮೆಗೆ ಮಾತ್ರ. ಇಷ್ಟೆಲ್ಲ ಅದಕ್ಕೇ ತಾನೇ ಹೋದದ್ದು, ಅದರೊಳಗಾದರೂ ಇರೋಣ ಅಂತ ಆಸೆಯಾಗಿತ್ತು.

ನೀನು ಅಳಬೇಡ. ಅವ್ವನಿಗೆ ನಾನೇ ಹೇಳುತ್ತೇನೆ, ಓಣಿಯವರಿಗೆ ಅವಳೇ ಹೇಳಿಕೊಳ್ಳಲಿ. ಶಿವರಾತ್ರಿ ಮುಗಿಸಿ ಮೂವರೂ ಬನ್ನಿ, ಇಲ್ಲಿಯೇ ನಾಲ್ಕು ದಿನ ಇರಿ. ರೂಮು ಚಿಕ್ಕದು, ಸವಿತಾ ಅವರ ಅಕ್ಕನ ಮನೆಗೆ ಹೋಗುತ್ತಾಳೆ. ನಿನ್ನನ್ನು ನೋಡಿ ಮೂರು ವರ್ಷವಾಯಿತು.

ಈ ತಿಂಗಳ ಸಂಬಳ ಬಂತು. ಇಪ್ಪತ್ತೆರಡು ಸಾವಿರ, ಪೂರ್ತಿ ಹಾಗೇ ಇದೆ. ಎಂಟು ವರ್ಷದಲ್ಲಿ ಕಂತು ಮುರಿಯದೆ ನನ್ನ ಕೈಗೆ ಬಂದ ಮೊದಲ ಸಂಬಳ ಆ ಮನ್ನಾ ತಿಂಗಳುಗಳನ್ನು ಬಿಟ್ಟರೆ ಇದೇ. ಏನು ಬೇಕಾದರೂ ಮಾಡಬಹುದು. ಬೆಳಗಿನಿಂದ ಕೂತು ಯೋಚಿಸುತ್ತಿದ್ದೇನೆ, ನನಗೆ ಏನು ಬೇಕು ಅಂತಲೇ ತಿಳಿಯುತ್ತಿಲ್ಲ.

ದಾನಿ